ಓಟಿಟಿ ಚಂದಾ: ಪ್ಲೇ ಸ್ಟೋರ್‌ನಲ್ಲಿ ಕಟ್ಟೋದಾ, ನೇರ ಯುಪಿಐನಲ್ಲಾ?

ಆ್ಯಪ್ ಡಿಲೀಟ್ ಮಾಡಿದರೆ ಚಂದಾ ನಿಲ್ಲುವುದಿಲ್ಲ. ಅಮ್ಮನ ಫೋನಿನಲ್ಲಿ ಹೀಗೇ ಮೂರು ತಿಂಗಳ ದುಡ್ಡು ಸುಮ್ನೆ ಹೋಯಿತು, ಈಗಲೂ ಬೇಜಾರು.

ಗೂಗಲ್ ಪ್ಲೇನಲ್ಲಿ ಕಟ್ಟಿದರೆ ಎಲ್ಲಾ ಚಂದಾಗಳೂ ಒಂದೇ ಪಟ್ಟಿಯಲ್ಲಿ ಸಿಗುತ್ತವೆ, ಅಲ್ಲೇ ರದ್ದು ಮಾಡಬಹುದು. ತಪ್ಪಿ ಕಟ್ಟಿದ್ದರೆ 48 ಗಂಟೆಯೊಳಗೆ ಗೂಗಲ್‌ಗೇ ರೀಫಂಡ್ ಕೇಳಬಹುದು. ತಡವಾದರೆ ಆ್ಯಪ್‌ನವರನ್ನೇ ಕೇಳಿ ಎನ್ನುತ್ತಾರೆ.

ಓಟಿಟಿಯವರಿಗೆ ನೇರವಾಗಿ ಯುಪಿಐ ಆಟೋಪೇ ಹಾಕಿದರೆ ಲಗಾಮು ನಿಮ್ಮ ಕೈಯಲ್ಲಿರುತ್ತದೆ. ದುಡ್ಡು ಕಟ್ ಆಗುವ ಕನಿಷ್ಠ 24 ಗಂಟೆ ಮೊದಲು ಮೆಸೇಜ್ ಬರಬೇಕು ಅನ್ನುವುದು ರಿಸರ್ವ್ ಬ್ಯಾಂಕ್ ನಿಯಮ, ಆದರೂ ಅದಕ್ಕೆ ಕಾಯದೆ ಬೇಡವೆನಿಸಿದ ದಿನವೇ ಯುಪಿಐ ಆ್ಯಪ್‌ನಲ್ಲಿ ಮ್ಯಾಂಡೇಟ್ (ತಾನಾಗೇ ದುಡ್ಡು ಕಟ್ ಆಗಲು ನೀವು ಕೊಟ್ಟ ಒಪ್ಪಿಗೆ) ರದ್ದು ಮಾಡಿಬಿಡಿ. ಹೋದ ದುಡ್ಡು ವಾಪಸ್ ಬರುವುದು ಮಾತ್ರ ಕಷ್ಟ. ನೆಟ್‌ಫ್ಲಿಕ್ಸ್ ಸಾಮಾನ್ಯವಾಗಿ ಕೊಡುವುದಿಲ್ಲ, ಕಟ್ಟಿದ ಅವಧಿ ಮುಗಿಯುವವರೆಗೆ ನೋಡಬಹುದು ಅಷ್ಟೇ.

ಮರೆವು ಜಾಸ್ತಿ ಇರುವವರಿಗೆ ಪ್ಲೇ ಸ್ಟೋರೇ ವಾಸಿ. ಎಲ್ಲೂ ಬಗೆಹರಿಯದಿದ್ದರೆ ಗ್ರಾಹಕ ಸಹಾಯವಾಣಿ 1915ಕ್ಕೆ ಫೋನ್ ಮಾಡಿ.