ವಸೂಲಿ ಏಜೆಂಟರ ಕಾಟಕ್ಕೆ ಆರ್‌ಬಿಐ ಓಂಬುಡ್ಸ್‌ಮನ್: ಬಳಸಿ ನೋಡಿದ ಮೇಲೆ

ವಸೂಲಿ ಏಜೆಂಟರು ಕಾಟ ಕೊಡುತ್ತಿದ್ದಾರೆ ಅಂದರೆ ಜನ ಪೊಲೀಸ್ ಠಾಣೆಗೆ ಹೋಗು ಅನ್ನುತ್ತಾರೆ, ಇಲ್ಲ ವಕೀಲರನ್ನು ಹಿಡಿ ಅನ್ನುತ್ತಾರೆ. ಬ್ಯಾಂಕ್, ಫೈನಾನ್ಸ್ ಕಂಪನಿಗಳ ಮೇಲಿನ ಗ್ರಾಹಕರ ದೂರು ವಿಚಾರಿಸುವ ಅಧಿಕಾರಿ ಆರ್‌ಬಿಐ ಓಂಬುಡ್ಸ್‌ಮನ್. ಅವರ ಹೆಸರು ಹೇಳುವವರು ಕಡಿಮೆ. ಒಂದು ರೂಪಾಯಿ ಶುಲ್ಕವಿಲ್ಲ, ವಕೀಲರೂ ಬೇಡ. ನನ್ನ ತಮ್ಮನ ಪರವಾಗಿ ನಾನು ಇದನ್ನು ಬಳಸಿದೆ. ಐದಕ್ಕೆ ನಾಲ್ಕು ಸ್ಟಾರ್ ಕೊಡುತ್ತೇನೆ.

ತಮ್ಮ ಒಂದು ಫೈನಾನ್ಸ್ ಕಂಪನಿಯಲ್ಲಿ ಪರ್ಸನಲ್ ಲೋನ್ ತೆಗೆದುಕೊಂಡಿದ್ದ. ಕೆಲಸ ಹೋಯಿತು, ಇಎಂಐ ನಿಂತಿತು. ಸಾಲ ತೀರಿಸಬೇಕು, ಅದರಲ್ಲಿ ಎರಡು ಮಾತಿಲ್ಲ. ಆದರೆ ಏಜೆಂಟ್ ಫೋನ್ ಮಾಡಿದ್ದು ನಮ್ಮ ಅಮ್ಮನಿಗೆ, ರಾತ್ರಿ ಊಟಕ್ಕೆ ಕೂತಿದ್ದಾಗ. "ನಿಮ್ಮ ಮಗ ಕಳ್ಳ ಕಣಮ್ಮಾ. ನಾಳೆ ಪೊಲೀಸರನ್ನ ಕರ್ಕೊಂಡು ಮನೆ ಮುಂದೆ ಬರ್ತೀವಿ, ಬೀದಿಯವರೆಲ್ಲ ನೋಡ್ಲಿ." ಅಮ್ಮ ಆ ಸಾಲಕ್ಕೆ ಸಹಿ ಹಾಕಿಲ್ಲ, ಜಾಮೀನು ನಿಂತಿಲ್ಲ. ಅರ್ಜಿಯಲ್ಲಿ ರೆಫರೆನ್ಸ್ ಅಂತ ಅವರ ನಂಬರ್ ಇತ್ತು, ಅಷ್ಟೇ. ಆಮೇಲೆ ಫೋನ್ ರಿಂಗ್ ಆದರೆ ಸಾಕು, ಅದನ್ನು ದಿಂಬಿನ ಕೆಳಗೆ ತುರುಕಿ ಅಡುಗೆಮನೆಗೆ ಹೋಗಿಬಿಡುತ್ತಿದ್ದರು. ಮುಂದೆ ತಮ್ಮನ ಹಳೆಯ ಆಫೀಸಿನವರ ವಾಟ್ಸಾಪ್‌ಗೂ ಅವನ ಫೋಟೊ ಹೋಯಿತು. ಕೆಳಗೆ "ಮೋಸಗಾರ" ಅಂತ ಬರೆದಿತ್ತು.

ಇದೆಲ್ಲ ನಿಯಮಕ್ಕೆ ವಿರುದ್ಧ. 2022ರ ಆಗಸ್ಟ್ 12ರ ಆರ್‌ಬಿಐ ಸುತ್ತೋಲೆ ಸ್ಪಷ್ಟವಾಗಿ ಹೇಳಿದೆ: ಬೆಳಗ್ಗೆ 8ಕ್ಕೆ ಮೊದಲು, ಸಂಜೆ 7ರ ನಂತರ ವಸೂಲಿಗೆ ಫೋನ್ ಮಾಡುವಂತಿಲ್ಲ. ಬೆದರಿಸುವಂತಿಲ್ಲ, ನಾಲ್ಕು ಜನರ ಮುಂದೆ ಮಾನ ಕಳೆಯುವಂತಿಲ್ಲ, ಮನೆಯವರನ್ನು, ಸ್ನೇಹಿತರನ್ನು, ರೆಫರೆನ್ಸ್ ಕೊಟ್ಟವರನ್ನು ಕಾಡುವಂತಿಲ್ಲ. ಮೈಕ್ರೋಫೈನಾನ್ಸ್ ಸಾಲಕ್ಕೆ ಸಮಯ ಇನ್ನೂ ಕಡಿಮೆ, ಬೆಳಗ್ಗೆ 9ರಿಂದ ಸಂಜೆ 6. "ಅದು ಏಜೆನ್ಸಿಯವರ ಕೆಲಸ, ನಮಗೆ ಸಂಬಂಧವಿಲ್ಲ" ಅಂತ ಕಂಪನಿ ಕೈ ತೊಳೆದುಕೊಳ್ಳುವ ಹಾಗೂ ಇಲ್ಲ. ಏಜೆಂಟ್ ಮಾಡಿದ್ದಕ್ಕೆ ಸಾಲ ಕೊಟ್ಟವರೇ ಹೊಣೆ.

ಇನ್ನು ಪೊಲೀಸ್ ಬೆದರಿಕೆ. ಇಎಂಐ ಕಟ್ಟಲಾಗಲಿಲ್ಲ ಅನ್ನೋ ಒಂದೇ ಕಾರಣಕ್ಕೆ ಪೊಲೀಸರು ಬಂಧಿಸುವುದಿಲ್ಲ, ಅದು ಸಿವಿಲ್ ವ್ಯವಹಾರ. ಚೆಕ್ ಅಥವಾ ಆಟೋ ಡೆಬಿಟ್ ಬೌನ್ಸ್ ಆಗಿದ್ದರೆ ಕೋರ್ಟಿನಲ್ಲಿ ಕೇಸ್ ಹಾಕಬಹುದು, ಅದು ಬೇರೆ ವಿಷಯ. ಅಂಥ ನೋಟಿಸ್ ಬಂದರೆ ಮಾತ್ರ ಸುಮ್ನೆ ಇರಬೇಡಿ, ಉತ್ತರ ಕೊಡಿ.

ಓಂಬುಡ್ಸ್‌ಮನ್‌ಗೆ ದೂರು ಕೊಡುವುದು ಆರ್‌ಬಿಐನ ಸಿಎಂಎಸ್ ಅನ್ನೋ ದೂರು ವೆಬ್‌ಸೈಟ್‌ನಲ್ಲಿ. ಮೊಬೈಲ್‌ಗೆ ಒಟಿಪಿ ಬರುತ್ತದೆ, ಕಂಪನಿ ಹೆಸರು ಆರಿಸಬೇಕು, ನಡೆದದ್ದನ್ನು ಬರೆದು ದಾಖಲೆ ಸೇರಿಸಬೇಕು. ತಮ್ಮನ ಒಪ್ಪಿಗೆ ಪತ್ರ ಇಟ್ಟುಕೊಂಡು ಪ್ರತಿನಿಧಿಯಾಗಿ ನಾನೇ ತುಂಬಿದೆ. ಫಾರಂ ಕಷ್ಟವಲ್ಲ. ಆದರೆ ಇಂಗ್ಲಿಷ್ ಬಾರದವರಿಗೆ ಪಕ್ಕದಲ್ಲಿ ಯಾರಾದರೂ ಬೇಕೇ ಬೇಕು. ಅಮ್ಮ ಒಬ್ಬರೇ ಆಗಿದ್ದರೆ ಅರ್ಧಕ್ಕೇ ಬಿಡುತ್ತಿದ್ದರು.

ಕೆಲಸಕ್ಕೆ ಬಂದದ್ದು ಸ್ಕ್ರೀನ್‌ಶಾಟ್‌ಗಳು. ಕಾಲ್ ಲಾಗ್‌ನಲ್ಲಿ ರಾತ್ರಿಯ ಸಮಯ ಎದ್ದು ಕಾಣುತ್ತಿತ್ತು. ಆ ಒಂದು ಚಿತ್ರದ ಮುಂದೆ ಕಂಪನಿಯ "ನಮ್ಮ ಸಿಬ್ಬಂದಿ ನಿಯಮ ಪಾಲಿಸುತ್ತಾರೆ" ಅನ್ನೋ ಇಮೇಲ್ ನಿಲ್ಲಲಿಲ್ಲ. ನಿಮ್ಮ ಮನೆಯಲ್ಲೂ ಹೀಗಾದರೆ ಅವಮಾನ ಅಂತ ಮೆಸೇಜ್ ಅಳಿಸಬೇಡಿ. ನಂಬರ್ ಬ್ಲಾಕ್ ಮಾಡುವ ಮೊದಲೇ ಎಲ್ಲ ತೆಗೆದಿಟ್ಟುಕೊಳ್ಳಿ.

ಕೊನೆಗೆ ರಾಜಿಯಲ್ಲಿ ಮುಗಿಯಿತು. ಏಜೆನ್ಸಿಯನ್ನು ಬದಲಿಸಿದರು, ಲಿಖಿತ ಕ್ಷಮೆ ಕೇಳಿದರು, ಕಂತು ಕಟ್ಟಲು ಸಮಯ ಕೊಟ್ಟರು. ಕ್ಷಮೆ ಬಂದದ್ದು ತಮ್ಮನ ಹೆಸರಿಗೆ. ಬೈಸಿಕೊಂಡ ಅಮ್ಮನಿಗೆ ಒಂದು ಸಾಲೂ ಇಲ್ಲ, ಯಾಕಂದರೆ ಅವರು "ಗ್ರಾಹಕರಲ್ಲ"! ಇದು ನನಗೆ ಈಗಲೂ ನುಂಗಲಾಗದ ಮಾತು. ಪರಿಹಾರದ ಹಣ ನಮಗೆ ಸಿಗಲಿಲ್ಲ. ಓಂಬುಡ್ಸ್‌ಮನ್‌ನ 2021ರ ಯೋಜನೆಯಲ್ಲಿ ಮಾನಸಿಕ ಹಿಂಸೆಗೆ, ಓಡಾಟದ ಖರ್ಚಿಗೆ ಅಂತ 1 ಲಕ್ಷ ರೂಪಾಯಿವರೆಗೆ ಕೊಡಿಸುವ ಅವಕಾಶವಿತ್ತು. ಪರಿಹಾರವನ್ನು ದೂರಿನಲ್ಲೇ ಕೇಳಿ.

ಒಂದು ಸ್ಟಾರ್ ಕಳೆದದ್ದು 30 ದಿನದ ನಿಯಮಕ್ಕೆ. ಮೊದಲು ಕಂಪನಿಗೇ ದೂರು ಕೊಡಬೇಕು. ಉತ್ತರ ಸರಿಯಿಲ್ಲದಿದ್ದರೆ, ಅಥವಾ 30 ದಿನ ಕಳೆದರೂ ಉತ್ತರ ಬಾರದಿದ್ದರೆ ಮಾತ್ರ ಓಂಬುಡ್ಸ್‌ಮನ್ ಹತ್ತಿರ ಹೋಗಬಹುದು. ಬಡ್ಡಿ ಲೆಕ್ಕ ತಪ್ಪಿದ್ದರೆ ಕಾಯಬಹುದು ಬಿಡಿ. ಮನೆಯ ಹೆಂಗಸರಿಗೆ ರಾತ್ರಿ ಫೋನ್ ಮಾಡಿ ಹೆದರಿಸುವವನ ವಿಷಯದಲ್ಲೂ ತಿಂಗಳು ಕಾಯಬೇಕಾ? ಕಿರುಕುಳದ ದೂರುಗಳಿಗೆ ಆರ್‌ಬಿಐ ಬೇರೆ ದಾರಿ ಮಾಡಲೇಬೇಕು. ಅಲ್ಲಿಯವರೆಗೆ ಉಪಾಯ ಒಂದೇ: ಕಾಟ ಶುರುವಾದ ದಿನವೇ ಕಂಪನಿಯ ದೂರು ವಿಭಾಗಕ್ಕೆ ಇಮೇಲ್ ಹಾಕಿ. ಫೋನಿನಲ್ಲಿ ಹೇಳಿದ್ದಕ್ಕೆ ಸಾಕ್ಷಿ ಇರುವುದಿಲ್ಲ. ಹೊಡೆಯುತ್ತೇವೆ ಅಂದರೆ, ಮನೆಗೆ ನುಗ್ಗಿದರೆ ಯಾವ 30 ದಿನವೂ ಇಲ್ಲ, ನೇರವಾಗಿ ಪೊಲೀಸರ ಹತ್ತಿರ ಹೋಗಿ.

ಎಲ್ಲ ಸಾಲಕ್ಕೂ ಈ ಸೇವೆ ಸಿಗುವುದಿಲ್ಲ. ಬ್ಯಾಂಕ್, ಆರ್‌ಬಿಐ ನೋಂದಣಿ ಇರುವ ದೊಡ್ಡ ಫೈನಾನ್ಸ್ ಕಂಪನಿಗಳಿಗೆ ಸಿಗುತ್ತದೆ. ಹೆಸರು ಕುಲ ಗೊತ್ತಿಲ್ಲದ ಲೋನ್ ಆ್ಯಪ್ ಆದರೆ ಆರ್‌ಬಿಐನ ಸಚೇತ್ ಪೋರ್ಟಲ್‌ನಲ್ಲಿ ದೂರು ಕೊಡಿ. ಫೋಟೊ ತಿರುಚಿ ಹೆದರಿಸಿದರೆ ಸೈಬರ್ ಸಹಾಯವಾಣಿ 1930ಕ್ಕೆ ಫೋನ್ ಮಾಡಿ. ಕರ್ನಾಟಕದಲ್ಲಿ ಕಿರುಸಾಲ ವಸೂಲಿಯ ಬಲವಂತ ತಡೆಯಲು 2025ರಲ್ಲಿ ಬಂದ ಕಾನೂನಿನಲ್ಲಿ 10 ವರ್ಷದವರೆಗೆ ಜೈಲು, 5 ಲಕ್ಷ ರೂಪಾಯಿವರೆಗೆ ದಂಡ ಅಂತಿದೆ. ಗ್ರಾಹಕ ಆಯೋಗದಲ್ಲಿ ಈಗಾಗಲೇ ಅದೇ ವಿಷಯದ ಕೇಸ್ ಇದ್ದರೆ ಓಂಬುಡ್ಸ್‌ಮನ್ ತೆಗೆದುಕೊಳ್ಳುವುದಿಲ್ಲ, ಎರಡರಲ್ಲಿ ಒಂದನ್ನು ಆರಿಸಿಕೊಳ್ಳಿ.

ದೂರು ಹೇಗೆ ಬರೆಯೋದು ಅಂತ ಗೊತ್ತಾಗದಿದ್ದರೆ ಆರ್‌ಬಿಐನ ಸಹಾಯವಾಣಿ 14448ಕ್ಕೆ ಫೋನ್ ಮಾಡಿ. ಕನ್ನಡದಲ್ಲೇ ಮಾತಾಡಬಹುದು.