ಗುಂಯ್ ಅನ್ನೋ ಮೀಟರ್ ಬೋರ್ಡು, ಅದರ ಬಾಜೂಕ ಫೈಬರ್ ಡಬ್ಬಿ: ಆರು ತಿಂಗಳ ಅನುಭವ

ಧಾರವಾಡದಾಗ ಸಪ್ತಾಪುರ ಕಡೆ ನಮ್ದು ಹಳೇ ಮನಿ, ಆರು ತಿಂಗಳ ಹಿಂದ ನಮ್ಮ ಓಣಿ ಕೇಬಲ್‌ನವರ ಕಡೆಯಿಂದ ಫೈಬರ್ ಇಂಟರ್ನೆಟ್ ಹಾಕಿಸ್ಕೊಂಡ್ವಿ. ಹೆಸರು ಬರಿಯಂಗಿಲ್ಲ, ಒಂದೊಂದು ಓಣಿಗೆ ಒಬ್ಬೊಬ್ರು ಇರ್ತಾರ, ಸಾಮಾನು ಮಾತ್ರ ಎಲ್ಲಾ ಕಡೆ ಹೆಚ್ಚು ಕಮ್ಮಿ ಇದ ಇರ್ತೈತಿ: ಬಿಳಿ ಓಎನ್‌ಟಿ ಡಬ್ಬಿ (ಫೈಬರ್‌ನಾಗ ಬಂದ ಬೆಳಕನ್ನ ಇಂಟರ್ನೆಟ್ ಮಾಡಿ ಕೊಡೋ ಮೋಡೆಮ್), 12 ವೋಲ್ಟ್ 1 ಆಂಪಿಯರ್ ಅಡಾಪ್ಟರ್, ಗೋಡಿಗೆ ಹೊಡಿಯೋ ಸಣ್ಣ ಪ್ಲಾಸ್ಟಿಕ್ ಬಾಕ್ಸು, ಆ ಬಾಕ್ಸಿನಿಂದ ಡಬ್ಬಿಗೆ ಜೋಡಸೋ ಹಸಿರು ಮೂತಿದು ಒಂದು ಫೈಬರ್ ವೈರ್, ಅದಕ್ಕ ಪ್ಯಾಚ್ ಕಾರ್ಡ್ ಅಂತಾರ.

ಜೋಡಸಾಕ ಬಂದ ಹುಡುಗನ ಕೈಕೆಲಸಕ್ಕ ಪೂರಾ ಮಾರ್ಕ್ಸ್ ಕೊಡ್ತೀನಿ. ಕರಿ ಕೇಬಲ್ ಸುಲದು ಒಳಗಿನ ಗಾಜಿನ ಎಳಿ ಹೊರಗ ತಗದು ಸ್ಪಿರಿಟ್ ಹಚ್ಚಿದ ಟಿಶ್ಯೂದಿಂದ ಒರಸಿದ, ಸ್ವಚ್ಛ ಆದ ಗಾಜು ಕಿರ್ ಅಂತ ಸಣ್ಣಗ ಸಪ್ಪಳ ಮಾಡ್ತು, ಆಮ್ಯಾಲೆ ಕ್ಲೀವರ್‌ನಾಗ ಇಟ್ಟು ಟಕ್ ಅಂತ ಕತ್ತರಿಸಿ ಸ್ಪ್ಲೈಸಿಂಗ್ ಮಷಿನ್‌ನಾಗ ಇಟ್ಟ. ಸ್ಕ್ರೀನ್ ಮ್ಯಾಲ ಎರಡೂ ತುದಿ ಎದುರಾಬದುರು ಬಂದು ನಿಂತು, ಒಂದು ಕಿಡಿ ಹಾರಿ, ಒಂದ ಎಳಿ ಆಗಿಬಿಟ್ವು. ಆ ಎಳಿ ಒಟ್ಟು ದಪ್ಪ 125 ಮೈಕ್ರಾನ್, ಬೆಳಕು ಹೋಗೋ ನಡುವಿನ ಭಾಗ ಬರೇ 9 ಮೈಕ್ರಾನ್, ಹಂಗಾಗಿ ಬೆರಳಿನ ಎಣ್ಣಿ ಹತ್ತಿದ್ರೂ ಸಿಗ್ನಲ್ ಬೀಳ್ತೈತಿ. ಬೆಳಕಿನ ಜೋರು ಅಳಿಯೋ ಮೀಟರ್ ಹಚ್ಚಿ ತೋರ್ಸಿದ, ಮೈನಸ್ 20.5 ಡಿಬಿಎಂ. ಇದು ಮೈನಸ್ 27ರ ಆಚೆ ಜಾರಿದ್ರ ತ್ರಾಸ ಸುರು, ನೀವು ಹಾಕಿಸ್ಕೊಂಡಾಗ ಈ ನಂಬರ್ ಕೇಳಿ ಬರದಿಟ್ಕೋರಿ. ನನ್ನ ಮಗಳು ಕೇಬಲ್ ತುದಿಗೆ ಕಣ್ಣಿಟ್ಟು ನೋಡಾಕ ಹೋದ್ಲು, ಅವ ಗಡಬಡಿಸಿ ಕೈ ಅಡ್ಡ ಹಿಡದ. ಫೈಬರ್‌ನಾಗ ಬರೋ ಲೇಸರ್ ಬೆಳಕು ಕಣ್ಣಿಗೆ ಕಾಣಂಗಿಲ್ಲ, ಕಾಣಂಗಿಲ್ಲ ಅಂತನ ಜಾಸ್ತಿ ಅಪಾಯ, ಮಕ್ಕಳಿದ್ದ ಮನಿಯವರು ಇದನ್ನ ಮೊದ್ಲ ಹೇಳಿಡ್ರಿ.

ತಪ್ಪಾಗಿದ್ದು ಜಾಗದಾಗ. ತೂತು ಮೊದ್ಲ ಐತಿ ಅಂತ ಅವ ಓಎನ್‌ಟಿ ತಂದು ಮೀಟರ್ ಬೋರ್ಡಿನ ಗೂಡಿನಾಗ ಕೂಡಿಸಿದ, ಅಡಾಪ್ಟರ್ ಅದ ಬೋರ್ಡಿನ ಸಾಕೆಟ್‌ಗೆ. ನಾವೂ ಹ್ಞೂಂ ಅಂದ್ವಿ.

ಮೂರು ವಾರ ಆದ ಮ್ಯಾಲ ಮುಂಜಾನೆ ಹೊತ್ತು ನೆಟ್ ಹೋಗೋದು ಬರೋದು ಸುರು ಆತು. ಕೇಬಲ್‌ನವರಿಗೆ ನಾಕು ಸಲ ಫೋನ್ ಮಾಡಿದ್ವಿ, ನಾಕೂ ಸಲ "ಸಿಗ್ನಲ್ ಸರಿ ಐತ್ರಿ" ಅಂದ್ರು, ನಮಗೂ ಸಿಟ್ಟು ಬಂತು. ಅವಾಗ ಅವ್ವ ಬೋರ್ಡಿನ ಮುಂದ ನಿಂತು "ಇದರೊಳಗ ಜೇನಹುಳ ಕುಂತಂಗ ಗುಂಯ್ ಅನ್ನಾಕತ್ತೈತಿ ನೋಡೋ" ಅಂದ್ಲು. ಹೊಸಾ ಡಬ್ಬಿದ ಸಪ್ಪಳ ಅಂತ ಎಲ್ಲಾರೂ ಅಂದ್ಕೊಂಡ್ವಿ, ಅಡಾಪ್ಟರ್ ಕಿತ್ತು ನೋಡಿದೆ, ಗುಂಯ್ ನಿಲ್ಲಲಿಲ್ಲ. ಬಚ್ಚಲದಾಗಿನ ಗೀಸರ್ ಬಂದ್ ಮಾಡಿದೆ, ಒಮ್ಮೆಲೆ ಶಾಂತ.

ಪರಿಚಯದ ವಾಯರ್‌ಮನ್ ಕಾಕಾ ಬಂದ್ರು. ಮೇನ್ ಆಫ್ ಮಾಡಿ, ಟೆಸ್ಟರ್ ಹಚ್ಚಿ ನೋಡಿ, ಆಮ್ಯಾಲೆ ಮುಚ್ಚಳಾ ತಗದ್ರು. ಎಂಸಿಬಿ (ಲೋಡ್ ಜಾಸ್ತಿ ಆದ್ರ ತಾನ ಬೀಳೋ ಸ್ವಿಚ್) ಕೆಳಗಿನ ಸ್ಕ್ರೂ ಕೈಯಾಗ ತಿರುಗುವಷ್ಟು ಸಡಲಾಗಿತ್ತು, ಅದರ ಬಾಯಿ ಕಾಡಿಗಿ ಬಳದಂಗ ಕರ್ರಗ, ವೈರಿನ ಕೆಂಪು ಪ್ಲಾಸ್ಟಿಕ್ ಒಂದು ಇಂಚು ತನಕ ಕಂದಾಗಿ ಗಟ್ಟಿಯಾಗಿತ್ತು, ಉಗುರು ತಾಗಿಸಿದ್ರ ಹೊಟ್ಟು ಉದುರಿದಂಗ ಉದುರ್ತು. ನಮ್ಮವು ಹಳೇ ಅಲ್ಯುಮಿನಿಯಂ ವೈರ್, ಮೆತ್ತಗಿರ್ತಾವ, ಕಾದು ಆರಿ ಕಾದು ಆರಿ ಸ್ಕ್ರೂದ ಕೆಳಗ ಸಡಲಾಗ್ತಾವ. 2000 ವ್ಯಾಟ್ ಗೀಸರ್ ಅಂದ್ರ 9 ಆಂಪಿಯರ್ ಹತ್ರ ಎಳೀತೈತಿ, ನಮ್ಮ ಕರೆಂಟ್ 50 ಹರ್ಟ್ಸ್, ಹಂಗಾಗಿ ಸಡಲಿದ್ದ ಲೋಹ ಸೆಕೆಂಡಿಗೆ 100 ಸಲ ನಡಗ್ತೈತಿ, ಅದ ಆ ಗುಂಯ್. ಅದರ ಜೋಡಿ ಚಟ್‌ಚಟ್ ಅಂತ ಕೇಳಿದ್ರ ಅಥವಾ ಸುಟ್ಟ ವಾಸನಿ ಬಂದ್ರ ಒಳಗ ಕಿಡಿ ಹಾರಾಕತ್ತೈತಿ ಅಂತ ತಿಳೀರಿ, ಒಂದು ದಿನಾನೂ ಬಿಡಬ್ಯಾಡ್ರಿ, ಮೇನ್ ಆಫ್ ಮಾಡಿ ಗೊತ್ತಿದ್ದವರನ್ನ ಕರೀರಿ, ನೀವ ಸ್ಕ್ರೂಡ್ರೈವರ್ ಹಿಡೀಬ್ಯಾಡ್ರಿ.

ನೆಟ್ ಹೋಗ್ತಿದ್ದದ್ದೂ ಇದ ಕಾರಣಕ್ಕ. ಗೀಸರ್ ಹಚ್ಚಿದ ಕೂಡ್ಲೆ ಆ ಸಾಕೆಟ್‌ನಾಗ ಕರೆಂಟ್ ಒಂದು ಕ್ಷಣ ಕುಸೀತಿತ್ತು, ಓಎನ್‌ಟಿ ಬಂದ್ ಆಗಿ ಮತ್ತ ಚಾಲೂ ಆಗ್ತಿತ್ತು. ಫೈಬರ್‌ನಾಗ ಹೋಗೋದು ಬೆಳಕು, ಬಾಜೂಕ ಎಷ್ಟು ಗುಂಯ್ ಅಂದ್ರೂ ಅದಕ್ಕ ಏನೂ ಆಗಂಗಿಲ್ಲ. ಕೇಬಲ್‌ನವರು ಹೇಳಿದ್ದು ಖರೇನ ಇತ್ತು, ಆದ್ರ ಫೋನಿನಾಗ ಅವರು ಲೈಟ್ ಹೆಂಗ ಅದಾವ ಅಂತ ಒಂದು ಮಾತು ಕೇಳಿದ್ರ ಇಷ್ಟು ತ್ರಾಸ ಉಳೀತಿತ್ತು. ಓಎನ್‌ಟಿ ಮ್ಯಾಲಿನ ಲಾಸ್ (LOS, ಸಿಗ್ನಲ್ ಹೋಗೈತಿ ಅಂತ) ಅನ್ನೋ ಲೈಟ್ ಕೆಂಪಾಗಿ ಮಿಣಕ್ ಅಂದ್ರ ತಕರಾರು ಫೈಬರ್‌ದು, ಎಲ್ಲಾ ಲೈಟೂ ಆರಿ ಮತ್ತ ಹತ್ತಿದ್ರ ಕರೆಂಟಿಂದು ಇಲ್ಲಾ ಅಡಾಪ್ಟರ್‌ದು.

ಹೊಸಾ ತಾಮ್ರದ ವೈರ್, ಹೊಸಾ ಎಂಸಿಬಿ ಹಾಕಿಸಿದ್ವಿ, ಓಎನ್‌ಟಿನ ಪಡಸಾಲಿಗೆ ತಂದ್ವಿ. ಅದಕ್ಕ 10 ಮೀಟರ್ ಪ್ಯಾಚ್ ಕಾರ್ಡ್ ಸುಭಾಷ್ ರೋಡಿನಾಗ ತಗೊಂಡೆ. ಮೊದ್ಲ ಅಂಗಡಿಯಾಗ ನೀಲಿ ಮೂತಿದು ಕೊಡಾಕ ಹೊಂಟಿದ್ರು, ತಗೋಬ್ಯಾಡ್ರಿ, ಹಸಿರುದ್ರ ತುದಿ 8 ಡಿಗ್ರಿ ಓರೆ ಇರ್ತೈತಿ, ನೀಲಿದು ಅದಕ್ಕ ಕೂಡಂಗಿಲ್ಲ. ಕಪಾಟಿನ ಹಿಂದ ಮಡಚಿ ತುರುಕಿದಾಗ ಮೈನಸ್ 26ಕ್ಕ ಬಂದಿತ್ತು, ಬಳಿ ಅಗಲ ದುಂಡಗ ಸುತ್ತಿಟ್ಟ ಮ್ಯಾಲ ಮತ್ತ 21. ಕರೆಂಟ್ ಹೋದಾಗ ನಡೀಲಿ ಅಂತ 12 ವೋಲ್ಟಿಂದ ಒಂದು ಮಿನಿ ಯುಪಿಎಸ್ ಇಟ್ಟೀನಿ, ಭಾಳ ಚಲೋ ಐತಿ.

ಸಾಮಾನಿಗೆ 5ಕ್ಕ 4, ಸರ್ವಿಸ್‌ಗೆ 3. ಯಾಕಂದ್ರ ಹೊರಗಿನ ಕೇಬಲ್ ಜೋಡಿ ಬರೋ ಸ್ಟೀಲ್ ತಂತಿನ ಸರ್ವಿಸ್ ವೈರಿನ ಕಬ್ಬಿಣ ಪೈಪಿಗೆ ಬಿಗದಾರ, ಗಾಜಿನಾಗ ಕರೆಂಟ್ ಬರಂಗಿಲ್ಲ ಖರೆ, ಪೈಪಿಗೆ ಕರೆಂಟ್ ಇಳದ್ರ ಆ ತಂತ್ಯಾಗೂ ಬರ್ತೈತಲ್ರಿ, ಮ್ಯಾಲ ಮಂಗ್ಯಾಗಳು ದಿನಾ ಅದ ಕೇಬಲ್ ಹಿಡದು ಜೋತಾಡಿ ಆಚೆ ಮಾಳಗಿಗೆ ಹಾರ್ತಾವ. ಬ್ಯಾರೆ ಹುಕ್ ಹೊಡದು ಬಿಡಿಸಿ ಕಟ್ಟಿಕೊಡ್ರಿ ಅಂತ ಹೇಳಿ ಎರಡು ವಾರ ಆತು, ಸೋಮವಾರ ಬರ್ತೀವಿ ಅಂದಾರ. ಬಂದು ಮಾಡಿದ ದಿನ ಇಲ್ಲೇ 4 ಮಾಡ್ತೀನಿ.