‘ಸೆಟ್’ ಪದದ ಪುಟ ತೆರೆದು ನೋಡಿ: ನನ್ನ ಕ್ಲಾಸಿನ ಮೇಜಿನ ಮೇಲಿರುವ ಡಿಕ್ಷನರಿ

ಇದು ಆಕ್ಸ್‌ಫರ್ಡ್ ಅಡ್ವಾನ್ಸ್ಡ್ ಲರ್ನರ್ಸ್ ಡಿಕ್ಷನರಿ ಬಗ್ಗೆ. ಉಡುಪಿಯ ಕುಂಜಿಬೆಟ್ಟಿನಲ್ಲಿ ಸಂಜೆ ಹೊತ್ತು ದೊಡ್ಡವರಿಗೆ ಇಂಗ್ಲಿಷ್ ಹೇಳಿಕೊಡುತ್ತೇನೆ. ಬರುವವರು ಹೆಚ್ಚಾಗಿ ಕನ್ನಡ ಮೀಡಿಯಂನಲ್ಲಿ ಓದಿದವರು. ನರ್ಸಿಂಗ್ ಮುಗಿಸಿ ಹೊರದೇಶಕ್ಕೆ ಹೋಗಲು ಪರೀಕ್ಷೆ ಬರೆಯುವವರಿದ್ದಾರೆ, ಗಲ್ಫಿಗೆ ಹೊರಟ ಸೈಟ್ ಸೂಪರ್‌ವೈಸರ್‌ಗಳಿದ್ದಾರೆ, ಹೋಟೆಲ್ ಕೆಲಸದವರಿದ್ದಾರೆ. ‘ಯಾವ ಡಿಕ್ಷನರಿ ತಗೊಳ್ಳಬೇಕು ಟೀಚರ್?’ ಅಂತ ಎಲ್ಲರೂ ಕೇಳುತ್ತಾರೆ. ಇದನ್ನೇ ತಗೊಳ್ಳಿ ಅನ್ನುತ್ತೇನೆ. ಯಾಕೆ ಅನ್ನುವುದನ್ನು ಒಂದೇ ಪದ ಹಿಡಿದು ಹೇಳಬಹುದು. ಆ ಪದ ‘ಸೆಟ್’.

ಈ ಪದ ನಮ್ಮ ಬಾಯಲ್ಲಿ ಎಷ್ಟು ಓಡಾಡುತ್ತದೆ ನೋಡಿ. ಬೆಳಗ್ಗೆ ಸೆಟ್ ದೋಸೆ. ಅಡಿಕೆ ತೋಟದಲ್ಲಿ ಪಂಪ್‌ಸೆಟ್. ಆಸ್ಪತ್ರೆಯಲ್ಲಿ ಡ್ರಿಪ್ ಹಾಕುವ ಐವಿ ಸೆಟ್. ಮದುವೆಗೆ ಉಡುಗೊರೆಯಾಗಿ ಡಿನ್ನರ್ ಸೆಟ್. ಸ್ಲ್ಯಾಬ್ ಹಾಕಿದ ಮೇಲೆ ಕಾಂಕ್ರೀಟ್ ಸೆಟ್ ಆಗಬೇಕು. ಮನೆ ಕಟ್ಟುವವರು ಸೆಟ್‌ಬ್ಯಾಕ್ ಬಿಡಬೇಕು. ಮಣಿಪಾಲದ ಕಡೆ ಆಫ್‌ಸೆಟ್ ಪ್ರೆಸ್ಸಿನಲ್ಲಿ ಕೆಲಸ ಮಾಡಿದವರು ಎಷ್ಟೋ ಮನೆಗಳಲ್ಲಿ ಸಿಗುತ್ತಾರೆ. ಇನ್ನು ‘ಅವರಿಗೂ ನಮಗೂ ಸೆಟ್ ಆಗುವುದಿಲ್ಲ’ ಅನ್ನುವುದಂತೂ ಎಲ್ಲ ಕಡೆ ಉಂಟು.

ಪದ ಗೊತ್ತಿದೆ ಅಂದುಕೊಂಡಿರುವುದೇ ಇಲ್ಲಿ ತೊಡಕು. ‘ಸೆಟ್ ಆಗುವುದಿಲ್ಲ’ ಅನ್ನುವ ನಮ್ಮ ಮಾತನ್ನು ಹಾಗೇ ಇಂಗ್ಲಿಷಿಗೆ ತಂದು ‘ದಿಸ್ ಜಾಬ್ ಇಸ್ ನಾಟ್ ಸೆಟ್ ಫಾರ್ ಮಿ’ ಅಂತ ಬರೆಯುತ್ತಾರೆ. ಇಂಗ್ಲಿಷಿನವರಿಗೆ ಅದು ಅರ್ಥವಾಗುವುದಿಲ್ಲ. ಹೊಂದಿಕೆಯಾಗು ಅನ್ನುವ ಅರ್ಥವನ್ನು ಆ ಪದಕ್ಕೆ ಕೊಟ್ಟವರು ನಾವು. ಹಾಗಾಗಿ ಪೂರ್ತಿ ಹೊಸ ಪದಕ್ಕಿಂತ ಇಂಥ ಹಳೇ ಪರಿಚಯದ ಪದಕ್ಕೇ ಒಳ್ಳೆಯ ಡಿಕ್ಷನರಿ ಬೇಕು.

ಅರ್ಥಗಳು ಜಾಸ್ತಿ ಇದ್ದರೆ ಡಿಕ್ಷನರಿ ಒಳ್ಳೆಯದು ಅಂತ ಕೆಲವರ ಲೆಕ್ಕ. ಆ ಲೆಕ್ಕದಲ್ಲಿ ದೊಡ್ಡ ಆಕ್ಸ್‌ಫರ್ಡ್ ಇಂಗ್ಲಿಷ್ ಡಿಕ್ಷನರಿಯನ್ನು ಯಾರೂ ಮೀರಿಸಲಾರರು. 1989ರಲ್ಲಿ ಬಂದ ಅದರ ಎರಡನೇ ಆವೃತ್ತಿ 20 ಸಂಪುಟ. ಅದರಲ್ಲಿ ‘ಸೆಟ್’ ಕ್ರಿಯಾಪದಕ್ಕೆ 430 ಅರ್ಥ, ವಿವರಣೆಯೇ ಸುಮಾರು 60,000 ಪದ. ಆಗ ಅತಿ ಉದ್ದದ ನಮೂದು ಅದೇ. ಈಗ ನಡೆಯುತ್ತಿರುವ ಪರಿಷ್ಕರಣೆಯಲ್ಲಿ ‘ರನ್’ ಅದನ್ನು ಹಿಂದೆ ಹಾಕಿದೆ. ಕ್ರಿಯಾಪದವೊಂದಕ್ಕೇ 645 ಅರ್ಥ. ಅದನ್ನು ಬಿಡಿಸಿ ಬರೆಯಲು ಪೀಟರ್ ಗಿಲಿವರ್ ಎಂಬ ಸಂಪಾದಕರು 9 ತಿಂಗಳು ಕೂತರು. ಅಂಥ ಕೆಲಸಕ್ಕೆ ಕೈ ಮುಗಿಯಬೇಕು. ಆದರೆ ರಾತ್ರಿ ಡ್ಯೂಟಿ ಮುಗಿಸಿ ನೇರ ಕ್ಲಾಸಿಗೆ ಬರುವ ಹುಡುಗಿಯ ಮುಂದೆ 430 ಅರ್ಥ ಇಟ್ಟರೆ ಅವಳು ಪುಸ್ತಕ ಮುಚ್ಚಿಡುತ್ತಾಳೆ. ಅವಳಿಗೆ ಬೇಕಾದ ಅರ್ಥ ಅರ್ಧ ನಿಮಿಷದಲ್ಲಿ ಸಿಗಬೇಕು.

ಈ ಲರ್ನರ್ಸ್ ಡಿಕ್ಷನರಿ ಗೆಲ್ಲುವುದು ಅಲ್ಲೇ. ‘ಸೆಟ್’ ಪುಟ ತೆರೆಯಿರಿ. ಉದ್ದದ ನಮೂದನ್ನು ಸಣ್ಣ ಸಣ್ಣ ತಲೆಬರಹ ಕೊಟ್ಟು ಒಡೆದಿದ್ದಾರೆ. ಗಡಿಯಾರ ಮತ್ತು ಯಂತ್ರ ಒಂದು ಕಡೆ. ಟೇಬಲ್ ಒಂದು ಕಡೆ. ಆಭರಣ, ಕೂದಲು, ಮೂಳೆ, ಸೂರ್ಯಚಂದ್ರ, ಗಟ್ಟಿಯಾಗುವುದು, ಎಲ್ಲಕ್ಕೂ ಬೇರೆ ಬೇರೆ ತಲೆಬರಹ. ಕಣ್ಣು ಮೇಲಿಂದ ಕೆಳಗೆ ಹಾಯಿಸಿದರೆ ಸಾಕು, ನಮ್ಮ ವಿಷಯ ಎಲ್ಲಿದೆ ಅಂತ ಗೊತ್ತಾಗುತ್ತದೆ. ಆಮೇಲೆ ಅಷ್ಟನ್ನೇ ಓದಿ. ವಿವರಣೆಯ ಇಂಗ್ಲಿಷ್ ಕೂಡ ಸುಲಭ, ಸುಮಾರು 3000 ಸಾಮಾನ್ಯ ಪದಗಳೊಳಗೇ ಎಲ್ಲವನ್ನೂ ಹೇಳಲು ನೋಡುತ್ತಾರೆ. ಒಂದು ಪದದ ಅರ್ಥ ನೋಡಲು ಹೋಗಿ ಇನ್ನೂ ನಾಲ್ಕು ಪದ ಹುಡುಕುವ ಕಷ್ಟ ಇಲ್ಲ.

ನರ್ಸಿಂಗ್‌ನವರಿಗೆ ಇದು ಎಷ್ಟು ಉಪಯೋಗ ಅಂತ ಒಂದು ಉದಾಹರಣೆ ಕೊಡುತ್ತೇನೆ. ಐವಿ ಸೆಟ್ ಅವರ ಕೈಯಲ್ಲಿ ದಿನಾ ಇರುವ ವಸ್ತು. ಎಷ್ಟು ಹನಿಗೆ ಒಂದು ಎಂಎಲ್ ಅಂತ ಪ್ಯಾಕೆಟ್ ಮೇಲೇ ಇರುತ್ತದೆ. ದೊಡ್ಡ ಹನಿಯ ಮ್ಯಾಕ್ರೋ ಸೆಟ್‌ನಲ್ಲಿ ಸಾಮಾನ್ಯವಾಗಿ 20, ಸಣ್ಣ ಹನಿಯ ಮೈಕ್ರೋದಲ್ಲಿ 60. ಇಲ್ಲಿ ‘ಸೆಟ್’ ನಾಮಪದ. 20 ಹನಿಯ ಮ್ಯಾಕ್ರೋ ಸೆಟ್‌ನಲ್ಲಿ ಗಂಟೆಗೆ 100 ಎಂಎಲ್ ಹೋಗಬೇಕಾದರೆ ನಿಮಿಷಕ್ಕೆ ಸುಮಾರು 33 ಹನಿ ಬೀಳುವ ಹಾಗೆ ಇಡಬೇಕು. ಹಾಗೆ ಇಡುವುದಕ್ಕೂ ಇಂಗ್ಲಿಷಿನಲ್ಲಿ ‘ಸೆಟ್ ದ ರೇಟ್’ ಅನ್ನುತ್ತಾರೆ. ಈಗ ಅದು ಕ್ರಿಯಾಪದ. ಒಂದೇ ಕೆಲಸದಲ್ಲಿ ಒಂದೇ ಪದ ಎರಡು ವೇಷದಲ್ಲಿ. ಡಿಕ್ಷನರಿ ಎರಡನ್ನೂ ಬೇರೆ ಬೇರೆಯಾಗಿ ತೋರಿಸುತ್ತದೆ. ಕ್ರಿಯಾಪದದ ಮೊದಲಲ್ಲೇ ಭೂತಕಾಲದಲ್ಲೂ ‘ಸೆಟ್’ ಅಂತಲೇ ಇರುತ್ತದೆ ಅಂತ ಹಾಕಿದ್ದಾರೆ. ‘ಸೆಟೆಡ್’ ಅಂತ ಬರೆಯುವವರಿಗೆ ನಾನು ಆ ಸಾಲು ತೋರಿಸಿ ಸುಮ್ಮನಿರುತ್ತೇನೆ.

ನನಗೆ ಈ ಪುಸ್ತಕದಲ್ಲಿ ತುಂಬ ಇಷ್ಟವಾದದ್ದು ‘ಸೆಟ್ ಇನ್’ ಎಂಬ ಜೋಡಿಯ ಸಾಲು. ಮಳೆ, ಕೆಟ್ಟ ಹವಾಮಾನ, ಇನ್ಫೆಕ್ಷನ್ ಇಂಥವು ಶುರುವಾಗಿ ಬೇಗ ಬಿಡುವ ಲಕ್ಷಣ ಇಲ್ಲದಿದ್ದಾಗ ಈ ಮಾತು ಅಂತ ವಿವರಣೆ. ಕ್ಲಾಸಿನಲ್ಲಿ ಇದನ್ನು ಓದಿದಾಗ ಒಬ್ಬಳು ಕೇಳಿದಳು:

‘ಮಳೆಗೂ ಇನ್ಫೆಕ್ಷನ್‌ಗೂ ಎಂತ ಸಂಬಂಧ ಟೀಚರ್?’

‘ಜೂನ್‌ನಲ್ಲಿ ಜಡಿಮಳೆ ಬಂದರೆ ನಿಮ್ಮ ಮನೆಯಲ್ಲಿ ಎಂತ ಹೇಳ್ತಾರೆ?’

‘ಮಳೆ ಹಿಡಿಯಿತು ಅಂತಾರೆ.’

‘ಕಬ್ಬಿಣಕ್ಕೆ?’

‘ತುಕ್ಕು ಹಿಡಿಯಿತು.’

ಅಷ್ಟು ಹೇಳಿ ಅವಳೇ ನಕ್ಕಳು. ಹಿಡಿದದ್ದು ಸುಲಭಕ್ಕೆ ಬಿಡುವುದಿಲ್ಲ. ಅದೇ ‘ಸೆಟ್ ಇನ್’. ಸುಮ್ನೆ ಎರಡು ಹನಿ ಬಿದ್ದು ಹೋದರೆ ಆ ಮಾತು ಬಳಸುವುದಿಲ್ಲ. ಕೇರಳಕ್ಕೆ ಸಾಮಾನ್ಯವಾಗಿ ಜೂನ್ 1ರ ಹೊತ್ತಿಗೆ, ಆಮೇಲೆ ಕೆಲವು ದಿನಗಳಲ್ಲಿ ನಮ್ಮ ಕರಾವಳಿಗೆ ಮುಂಗಾರು ಬರುವಾಗ ಇಂಗ್ಲಿಷ್ ಪೇಪರಿನವರು ಬರೆಯುವುದೂ ಇದನ್ನೇ. ಗಾಯ ಕೆಂಪಾಗಿ, ಕೀವು ಕಟ್ಟಿ, ಜ್ವರ ಬಂದಾಗ ನರ್ಸ್ ರಿಪೋರ್ಟಿನಲ್ಲಿ ಬರೆಯಬಹುದಾದದ್ದೂ ಇದನ್ನೇ. ಮೊಬೈಲಿನ ಅನುವಾದದಲ್ಲಿ ಬರೀ ‘ಸೆಟ್’ ಅಂತ ಟೈಪ್ ಮಾಡಿದರೆ ಈ ಎರಡು ಮಾತಿನ ಜೋಡಿ ಸಿಗುವುದೇ ಇಲ್ಲ. ಇಲ್ಲಿ ಇಂಥ ಜೋಡಿಗಳನ್ನು ನಮೂದಿನ ಕೊನೆಯಲ್ಲಿ ಒಟ್ಟಿಗೆ ಇಟ್ಟಿದ್ದಾರೆ. ‘ಸೆಟ್ ಆಫ್’ ಅಂದರೆ ಪ್ರಯಾಣ ಹೊರಡುವುದೂ ಹೌದು, ಅಲಾರಂ ಹೊಡೆಯುವ ಹಾಗೆ ಮಾಡುವುದೂ ಹೌದು. ‘ಸೆಟ್ ಅಪ್’, ‘ಸೆಟ್ ಔಟ್’, ‘ಸೆಟ್ ಅಸೈಡ್’ ಎಲ್ಲ ಸಾಲಾಗಿ ಸಿಗುತ್ತವೆ.

ಸೈಟ್ ಕೆಲಸದವರಿಗೆ ‘ಗಟ್ಟಿಯಾಗುವುದು’ ಅನ್ನುವ ತಲೆಬರಹ ಮುಖ್ಯ. ಕಾಂಕ್ರೀಟ್, ಅಂಟು, ಜೆಲ್ಲಿ ಎಲ್ಲಕ್ಕೂ ಅದೇ. ನನ್ನಲ್ಲಿಗೆ ಬರುವ ಒಬ್ಬ ಸೂಪರ್‌ವೈಸರ್ ‘ಸೆಟ್ ಆಯ್ತು ಅಂದ್ರೆ ಕೆಲಸ ಮುಗೀತು ಅಂತಲೇ ಅಲ್ವಾ?’ ಅಂತ ಕೇಳಿದರು. ಅಲ್ಲ. ನಮ್ಮ ದೇಶದ ಮಾನದಂಡದ ಪ್ರಕಾರ ಸಾಮಾನ್ಯ ಪೋರ್ಟ್‌ಲ್ಯಾಂಡ್ ಸಿಮೆಂಟಿನ ಇನಿಷಿಯಲ್ ಸೆಟ್ಟಿಂಗ್ ಟೈಮ್ 30 ನಿಮಿಷಕ್ಕಿಂತ ಕಡಿಮೆ ಇರಬಾರದು, ಫೈನಲ್ ಸೆಟ್ಟಿಂಗ್ ಟೈಮ್ 600 ನಿಮಿಷ ದಾಟಬಾರದು. ಸೆಟ್ ಆಗುವುದು ಬೇರೆ, ಬಲ ಬರುವುದು ಬೇರೆ. ಬಲಕ್ಕೆ ದಿನಗಟ್ಟಲೆ ನೀರು ಹಾಕಿ ಕ್ಯೂರಿಂಗ್ ಮಾಡಬೇಕು. ಈ ನಿಮಿಷಗಳ ಲೆಕ್ಕ ಡಿಕ್ಷನರಿಯಲ್ಲಿ ಇರುವುದಿಲ್ಲ, ಇರಬೇಕಾಗಿಯೂ ಇಲ್ಲ. ಆದರೆ ಗಟ್ಟಿಯಾಗುವುದು ಎಂಬ ಅರ್ಥವನ್ನು ಮಾತ್ರ ಅದು ಸ್ಪಷ್ಟವಾಗಿ ಹೇಳುತ್ತದೆ. ‘ಸೆಟ್ ಆಯ್ತು’ ಎಂದರೆ ನಮ್ಮಲ್ಲಿ ಎಲ್ಲ ಸರಿಹೋಯಿತು ಅಂತ. ಹೊರದೇಶದ ಎಂಜಿನಿಯರ್ ಹತ್ತಿರ ಹಾಗೆ ಹೇಳಿ ಶಟರಿಂಗ್ ಬಿಚ್ಚಿದರೆ ದೊಡ್ಡ ಅಪಾಯ.

ಅದೇ ವ್ಯಕ್ತಿಗೆ ‘ಸೆಟ್‌ಬ್ಯಾಕ್’ ಕೂಡ ತಿಳಿಸಬೇಕಾಯಿತು. ಅವರ ಪಾಲಿಗೆ ಅದು ಗಡಿಯಿಂದ ಬಿಡಬೇಕಾದ ಜಾಗ. ಪೇಪರಿನಲ್ಲಿ ‘ಸೆಟ್‌ಬ್ಯಾಕ್’ ಅಂತ ಬಂದರೆ ಅದು ಸಾಮಾನ್ಯವಾಗಿ ಹಿನ್ನಡೆ. ಬಿಡಿಸಿ ‘ಸೆಟ್ ಬ್ಯಾಕ್’ ಅಂತ ಕ್ರಿಯಾಪದ ಮಾಡಿದರೆ ಮೂರು ದಾರಿ: ಕೆಲಸ ತಡವಾಗುವ ಹಾಗೆ ಮಾಡುವುದು, ಕಟ್ಟಡವನ್ನು ರಸ್ತೆಯಿಂದ ಹಿಂದಕ್ಕೆ ಇಡುವುದು, ಇಷ್ಟು ದುಡ್ಡು ಖರ್ಚಾಗುವುದು. ಮೂರೂ ಪುಸ್ತಕದಲ್ಲಿ ಒಂದರ ಕೆಳಗೆ ಒಂದು ಇವೆ.

ವಾಲಿಬಾಲ್ ಆಡುವ ಹುಡುಗರಿಗೆ ಹೇಳಲು ನನಗೆ ಕಷ್ಟವೇ ಇಲ್ಲ. 25 ಪಾಯಿಂಟಿನ ಸೆಟ್, ಐದನೆಯದಾದರೆ 15. ಸ್ಮ್ಯಾಷ್ ಹೊಡೆಯಲು ಚೆಂಡು ಎತ್ತಿಕೊಡುವವನು ಸೆಟ್ಟರ್. ಒಂದೇ ಅಂಗಳದಲ್ಲಿ ಎರಡು ಸೆಟ್.

ಇಷ್ಟೊಂದು ಅರ್ಥ ಎಲ್ಲಿಂದ ಬಂತು? ಕ್ರಿಯಾಪದದ ಬೇರು ಹಳೆಯ ಇಂಗ್ಲಿಷಿನ ‘ಸೆಟ್ಟನ್’. ಅದು ‘ಸಿಟ್’ ಪದದ ಪ್ರೇರಣಾರ್ಥಕ ರೂಪ. ನಮ್ಮ ಕೂರು, ಕೂರಿಸು ಇದ್ದ ಹಾಗೆ. ಕೂರಿಸು ಎಂಬ ಮೂಲ ಮನಸ್ಸಿನಲ್ಲಿ ಇಟ್ಟುಕೊಂಡರೆ ಹರಳು ಕೂರಿಸುವುದು, ಮುರಿದ ಮೂಳೆ ಕೂರಿಸುವುದು, ಅಚ್ಚುಮೊಳೆ ಜೋಡಿಸುವುದು ಎಲ್ಲ ಒಂದೇ ಕುಟುಂಬ ಅಂತ ಕಾಣುತ್ತದೆ. ಪಾತ್ರೆಗಳ ಸೆಟ್, ದೋಸೆಯ ಸೆಟ್ ಅನ್ನುವ ಗುಂಪಿನ ಅರ್ಥಕ್ಕೆ ಇನ್ನೊಂದು ಮೂಲವೂ ಸೇರಿಕೊಂಡಿದೆ. ಅದು ಹಳೆಯ ಫ್ರೆಂಚಿನಿಂದ ಬಂದದ್ದು, ಅದರ ಹಿಂದೆ ಲ್ಯಾಟಿನ್ನಿನ ‘ಸೆಕ್ಟಾ’. ಇದನ್ನು ತಿಳಿಸಿದ ಮೇಲೆ ನಮ್ಮವರಿಗೆ ಪದದ ಹೆದರಿಕೆ ಅರ್ಧ ಕಡಿಮೆಯಾಗುತ್ತದೆ. ಇಂಥ ಮೂಲದ ವಿವರ ಇದರ ಉಚಿತ ವೆಬ್‌ಸೈಟಿನಲ್ಲಿ ಸಿಗುತ್ತದೆ.

ಈ ಪುಸ್ತಕ ನಮ್ಮಂಥವರ ಕಷ್ಟಕ್ಕೆ ಇಷ್ಟು ಹತ್ತಿರ ಯಾಕಿದೆ ಅಂದರೆ ಅದು ಹುಟ್ಟಿದ್ದೇ ಕ್ಲಾಸ್‌ರೂಮಿನಲ್ಲಿ. ಇದನ್ನು ಶುರು ಮಾಡಿದ ಎ. ಎಸ್. ಹಾರ್ನ್‌ಬಿ ಜಪಾನಿನಲ್ಲಿ ಇಂಗ್ಲಿಷ್ ಕಲಿಸುತ್ತಿದ್ದ ಮೇಷ್ಟ್ರು. ಮೊದಲು ಅಚ್ಚಾದದ್ದು 1942ರಲ್ಲಿ, ಟೋಕಿಯೋದಲ್ಲಿ. ಆಕ್ಸ್‌ಫರ್ಡ್‌ನಿಂದ ಬಂದದ್ದು 1948ರಲ್ಲಿ. ಪದದ ಅರ್ಥ ಹೇಳಿದರೆ ಸಾಲದು, ಅದನ್ನು ವಾಕ್ಯದಲ್ಲಿ ಹೇಗೆ ಕೂರಿಸಬೇಕು ಅಂತಲೂ ತೋರಿಸಬೇಕು ಎಂಬ ಅವರ ಹಟ ಇವತ್ತಿನ ಆವೃತ್ತಿಯಲ್ಲೂ ಉಳಿದಿದೆ.

ಇದರಲ್ಲಿ ಕನ್ನಡ ಇಲ್ಲ. ಇದು ಇಂಗ್ಲಿಷಿಗೆ ಇಂಗ್ಲಿಷಿನಲ್ಲೇ ಅರ್ಥ ಹೇಳುವ ಪುಸ್ತಕ. ಈಗಷ್ಟೇ ಅಕ್ಷರ ಜೋಡಿಸಿ ಓದುವವರಿಗೆ ಇದು ಭಾರ, ಅವರಿಗೆ ನಾನು ಹೇಳುವುದಿಲ್ಲ. ಉಳಿದವರೂ ಪಕ್ಕದಲ್ಲಿ ಮೈಸೂರು ವಿಶ್ವವಿದ್ಯಾಲಯದ ಇಂಗ್ಲಿಷ್-ಕನ್ನಡ ನಿಘಂಟು ಇಟ್ಟುಕೊಂಡರೆ ಒಳ್ಳೆಯದು. ನಮ್ಮ ಊರಲ್ಲೇ, ಎಂಜಿಎಂ ಕಾಲೇಜಿನ ಗೋವಿಂದ ಪೈ ಸಂಶೋಧನ ಕೇಂದ್ರದಲ್ಲಿ, ಯು. ಪಿ. ಉಪಾಧ್ಯಾಯರ ಸಂಪಾದಕತ್ವದಲ್ಲಿ ತುಳು ನಿಘಂಟು ತಯಾರಾಯಿತು. 1988ರಿಂದ 1997ರವರೆಗೆ ಬಂದ ಆ 6 ಸಂಪುಟಗಳಲ್ಲಿ ತುಳು ಪದಕ್ಕೆ ಕನ್ನಡದಲ್ಲೂ ಇಂಗ್ಲಿಷಿನಲ್ಲೂ ಅರ್ಥ ಇದೆ. ಇಂಗ್ಲಿಷ್ ಕಲಿಯುವ ಕನ್ನಡದವರಿಗೂ ಅಷ್ಟೇ ಶ್ರದ್ಧೆಯಿಂದ, ತಲೆಬರಹ ಕೊಟ್ಟು, ಉದಾಹರಣೆ ಕೊಟ್ಟು ಯಾರಾದರೂ ಒಂದು ಪುಸ್ತಕ ಮಾಡಿಕೊಟ್ಟರೆ ಎಂಥ ಉಪಕಾರ ಆದೀತು!

ಪುಸ್ತಕವೋ ಫೋನೋ? ಉಚ್ಚಾರಣೆಗೆ ಫೋನೇ ಸರಿ. ವೆಬ್‌ಸೈಟಿನಲ್ಲಿ ಬ್ರಿಟಿಷ್, ಅಮೆರಿಕನ್ ಎರಡೂ ಧ್ವನಿ ಕೇಳಬಹುದು. ಆದರೆ ‘ಸೆಟ್’ ತರಹದ ಉದ್ದದ ನಮೂದಿಗೆ ಪುಸ್ತಕವೇ ಒಳ್ಳೆಯದು. ಫೋನಿನಲ್ಲಿ ಬೆರಳು ಎಳೆದೂ ಎಳೆದೂ ಸಾಕಾಗುತ್ತದೆ, ಹಿಂದಿನ ಅರ್ಥ ಎಲ್ಲಿತ್ತು ಅಂತ ಮರೆತುಹೋಗುತ್ತದೆ. ಪುಟ ತೆರೆದರೆ ಎಲ್ಲವೂ ಒಟ್ಟಿಗೆ ಕಣ್ಣ ಮುಂದೆ ಇರುತ್ತದೆ. ಪುಸ್ತಕ ಮಾತ್ರ ಭಾರ. ಬ್ಯಾಗಿನಲ್ಲಿ ಹೊತ್ತು ಬಸ್ಸಿನಲ್ಲಿ ಓಡಾಡುವಂಥದ್ದಲ್ಲ.

ಹತ್ತನೇ ಆವೃತ್ತಿ ಬಂದದ್ದು 2020ರಲ್ಲಿ. ದುಡ್ಡಿಗೆ ಕಷ್ಟ ಇದ್ದರೆ ಹೊಸದೇ ಬೇಕೆಂದಿಲ್ಲ. 2005ರ ಏಳನೇ ಆವೃತ್ತಿಯೂ ಈ ಕೆಲಸಕ್ಕೆ ಸಾಕು. ಹಳೇ ಪುಸ್ತಕದಂಗಡಿಯಲ್ಲಿ ಸಿಕ್ಕರೆ ಧೈರ್ಯವಾಗಿ ತಗೊಳ್ಳಿ. ಕೊಳ್ಳುವ ಮೊದಲು ‘ಸೆಟ್’ ಇರುವ ಪುಟಗಳನ್ನು ತೆರೆದು ನೋಡಿ. ತಲೆಬರಹಗಳು ಎದ್ದು ಕಾಣಬೇಕು, ಸಣ್ಣ ಅಕ್ಷರ ಮಸುಕಾಗಿರಬಾರದು. ನಕಲಿ ಪ್ರತಿಯಾದರೆ ಉಚ್ಚಾರಣೆಯ ಚಿಹ್ನೆಗಳು ಒಂದಕ್ಕೊಂದು ಅಂಟಿಕೊಂಡಿರುತ್ತವೆ. ಅಂಥದ್ದು ಎಷ್ಟೇ ಅಗ್ಗವಾದರೂ ಬೇಡ.